ಡುಮ್ಮಿ ಹಡಗು ಮತ್ತು ಓಡಾಡುವ ಪೀಪಾಯಿ

ಬಹಳ ಹಿಂದೆ, ಹಡಗುಗಳಿಗೂ ಮಾತು ಬರುತ್ತಿದ್ದ ಕಾಲದಲ್ಲಿ, ಸಿಂಪಿನಾಡು ಎಂಬ ರಾಜ್ಯವಿತ್ತು. ಅದರ ಬಂದರಿನ ಬಾಯಲ್ಲಿ ಬರೀ ಮರಳದಿಬ್ಬ. ಹಡಗುಗಳಿಗೆ ದಾರಿ ತೋರಿಸಲು ನೀರಿನ ಮೇಲೆ ಮೂರು ಪೀಪಾಯಿ ತೇಲಬಿಟ್ಟಿದ್ದರು. ಒಂದೊಂದರ ನೆತ್ತಿಗೂ ಒಂದು ಗಂಟೆ, ಬುಡಕ್ಕೊಂದು ಸರಪಳಿ, ಸರಪಳಿಯ ತುದಿಗೆ ತಳದಲ್ಲಿ ಕೂರುವ ದೊಡ್ಡ ಕಲ್ಲು.

ಈ ಪೀಪಾಯಿಗಳ ಚಾಕರಿಗೆಂದೇ ಒಂದು ಹಡಗಿತ್ತು. ಹೆಸರು ಡುಮ್ಮಿ. ಆಳವಿಲ್ಲದ ನೀರಲ್ಲೂ ಹೋಗಬೇಕಲ್ಲ, ಅದಕ್ಕೆ ತಳ ಚಪ್ಪಟೆ. ಪೀಪಾಯಿ ಎಳೆದು ಮಲಗಿಸಬೇಕಲ್ಲ, ಅದಕ್ಕೆ ಬದಿ ಮೊಣಕಾಲೆತ್ತರ, ಮೇಲ್ಭಾಗ ಅಂಗಳದಷ್ಟು ಬಯಲು. ಭಾರ ಎತ್ತಲು ರಾಟೆ ಕಟ್ಟಿದ ಉದ್ದನೆಯ ತೊಲೆ. ಯುದ್ಧದ ಹಡಗುಗಳು ಅವಳನ್ನು ಕಂಡರೆ "ಬಾಣಲೆ ಬಂತು, ಬಾಣಲೆ" ಎಂದು ಹಲ್ಲು ಕಿಸಿಯುತ್ತಿದ್ದವು. ಡುಮ್ಮಿಗೆ ಮಾತು ಚೆನ್ನಾಗಿ ಬರುತ್ತಿತ್ತು, ಸುಮ್ಮನಿರಲು ಮಾತ್ರ ಬರುತ್ತಿರಲಿಲ್ಲ. ಅವಳೂ ತಿರುಗಿ ಬೈಯುತ್ತಿದ್ದಳು.

ಅವಳ ಯಜಮಾನ ಜಟ್ಟು. ಅಪ್ಪ ಅಮ್ಮ ಇಲ್ಲದ ಅವನಿಗೆ ಮನೆ ಎಂದರೂ ಡುಮ್ಮಿ, ಅಕ್ಕ ಎಂದರೂ ಡುಮ್ಮಿ.

ಒಂದು ದಿನ ಮಹಾರಾಜ ದುಂಡುವರ್ಮನ ವಿಹಾರದ ಹಡಗು ಮೂರನೇ ಪೀಪಾಯಿಯ ಪಕ್ಕದಲ್ಲೇ ಮರಳಿಗೆ ಹತ್ತಿ ಕೂತಿತು. ರಾಜರು ಪಾಯಸದ ಹಂಡೆಯೊಳಗೆ ಮಗುಚಿ ಬಿದ್ದರು. ನೋಡಿದರೆ, ಪೀಪಾಯಿ ಇರಬೇಕಾದ ಜಾಗದಲ್ಲೇ ಇರಲಿಲ್ಲ!

"ಮೂರು ದಿನ ಕೊಟ್ಟಿದ್ದೇನೆ," ಎಂದರು ರಾಜರು ಜಟ್ಟುವಿಗೆ, ಮೀಸೆಯಿಂದ ಶ್ಯಾವಿಗೆ ತೆಗೆಯುತ್ತ. "ಮೂರನ್ನೂ ಶುಚಿ ಮಾಡಿ, ಅದರದರ ಜಾಗದಲ್ಲಿ ನಿಲ್ಲಿಸು. ಇಲ್ಲದಿದ್ದರೆ ಈ ಡುಮ್ಮಿ ನನ್ನ ಅಡುಗೆಮನೆಗೆ ಸೌದೆ."

ಜಟ್ಟು ಡುಮ್ಮಿಯ ಕಡೆ ತಿರುಗಿದ. "ಇದು ಮಾಯಾವಿ ಕುಟಿಲಾಕ್ಷನದೇ ಕೆಲಸ ಡುಮ್ಮಕ್ಕಾ. ಹಡಗು ನುಂಗಲೆಂದು ಅವನು ಸಮುದ್ರಕ್ಕೆ ಇಳಿದಿದ್ದಾನಂತೆ."

"ನಡಿ ಮಾರಾಯ, ನಾನಂತೂ ಅವನ ಗಂಟಲಲ್ಲಿ ಹಿಡಿಸುವುದಿಲ್ಲ," ಎಂದಳು ಡುಮ್ಮಿ.

ಮೊದಲ ದಿನ ಮೊದಲ ಪೀಪಾಯಿ. ಎತ್ತಿದರು, ಅಂಟಿದ ಚಿಪ್ಪು ಕೆರೆದರು, ಕೆಂಪು ಬಳಿದರು. ದಡದ ಬುರುಜೂ ಒಂಟಿ ಹುಣಸೆಮರವೂ ಒಂದೇ ಗೆರೆಗೆ ಬಂದ ಕಡೆ ಇಳಿಸಬೇಕು. ಜಟ್ಟು ತಲೆ ಎತ್ತಿದ. ದಡದಲ್ಲಿ ಏಳು ಬುರುಜು, ಏಳು ಹುಣಸೆಮರ! ಮಾಯೆ! ಜಟ್ಟು ಕಣ್ಣು ಮುಚ್ಚಿಕೊಂಡ. ಸೀಸದ ಗುಂಡಿನ ಬುಡಕ್ಕೆ ಮೇಣ ಮೆತ್ತಿ ಹಗ್ಗದಲ್ಲಿ ಇಳಿಬಿಟ್ಟ. ಮೇಣಕ್ಕೆ ಬಿಳಿ ಮರಳು ಅಂಟಿದರೆ ಮುಂದೆ ಹೋಗು, ಕಪ್ಪು ಕೆಸರು ಅಂಟಿದರೆ ಅದೇ ಜಾಗ, ಏನೂ ಅಂಟದೆ ಠಣ್ ಎಂದರೆ ಅಡಿಯಲ್ಲಿ ಬಂಡೆ. ಅಪ್ಪ ಕಲಿಸಿದ್ದು ಅಷ್ಟೇ. ಕಪ್ಪು ಕೆಸರು ಬಂತು, ಪೀಪಾಯಿ ಇಳಿಯಿತು, ಆರು ಬುರುಜುಗಳು ನಾಚಿಕೊಂಡು ಮಾಯವಾದವು.

ಎರಡನೆಯ ದಿನ ಎರಡನೆಯ ಪೀಪಾಯಿ. ಸರಪಳಿ ಎಳೆದರೆ ಏಳು ಹೆಡೆಯ ಹಾವು ಸುತ್ತಿಕೊಂಡೇ ಮೇಲೆ ಬಂತು. ಡುಮ್ಮಿಯನ್ನು ಮಗುಚಬೇಕೆಂದು ಏಳೂ ಹೆಡೆ ಒಂದೇ ಬದಿಗೆ ಜಗ್ಗಿದವು.

"ಜಗ್ಗು, ಜಗ್ಗು," ಎಂದಳು ಡುಮ್ಮಿ. "ಇಷ್ಟಗಲ ಇರುವುದು ಚೆಂದಕ್ಕೆ ಅಂದುಕೊಂಡೆಯಾ?"

ಬೆಳಗಿಂದ ಸಂಜೆಯವರೆಗೆ ಜಗ್ಗಿ ಹಾವಿನ ಏಳು ಕುತ್ತಿಗೆಯೂ ಉಳುಕಿದವು. ಅಷ್ಟರಲ್ಲಿ ಜಟ್ಟು ಸರಪಳಿಯ ಜೊತೆ ಅದರ ಬಾಲಕ್ಕೂ ಡಾಂಬರು ಬಳಿದು ಮುಗಿಸಿದ್ದ. ಹಾವು ಅಳುತ್ತ ಮನೆಗೆ ಹೋಯಿತು.

ಮೂರನೆಯ ದಿನ ಮೂರನೆಯ ಪೀಪಾಯಿ. ಅದು ನಿಲ್ಲಲೇ ಇಲ್ಲ, ಗಂಟೆ ಬಾರಿಸಿಕೊಂಡು ಓಡುತ್ತಿತ್ತು! ಅಟ್ಟಿಸಿ ಹಿಡಿದು, ರಾಟೆ ತಿರುಗಿಸಿ, ಸರಪಳಿ ಎಳೆದರು. ತೊಲೆ ಕಿರ್ರೆಂದಿತು. ಕಲ್ಲಿನ ಜೊತೆ ಒಂದು ಮಹಾ ಆಮೆ ಮೇಲೆ ಬಂದು ಡುಮ್ಮಿಯ ಮೇಲೆ ದೊಪ್ಪನೆ ಕೂತಿತು. ಕಲ್ಲು ಅದರ ಬೆನ್ನಿನ ಗುಳಿಯಲ್ಲಿ ಸಿಕ್ಕಿಕೊಂಡಿತ್ತು. ಪೀಪಾಯಿಗೆ ಅಂಟುವಂಥದೇ ಚಿಪ್ಪು ಬಾಯಿ ತುಂಬ ಬೆಳೆದಿತ್ತು.

"ಉಂ! ಉಂ!" ಎಂದಿತು ಆಮೆ. ಜಟ್ಟು ಪಾಪ ಎಂದು ಬಾಯಿಯ ಚಿಪ್ಪು ಕೆರೆದ.

"ಪಾಪೀ!" ಎಂದು ಆಮೆ ಗುಡುಗಿತು. "ನಾನು ಕುಟಿಲಾಕ್ಷ! ಹಡಗು ನುಂಗಲು ಆಮೆಯಾಗಿ ಹೊಂಚು ಹಾಕಿದ್ದೆ. ಹೋದ ವರ್ಷ ನನ್ನ ಬೆನ್ನ ಮೇಲೆ ಕಲ್ಲು ಹೇರಿ ಹೋದೆಯಲ್ಲ! ಇನ್ನೊಂದು ಹೇರಲು ಬರುತ್ತೀಯೆಂದು, ಬಾಯಿ ಬಿಡಲಾಗದಿದ್ದರೂ ಕಣ್ಸನ್ನೆಯಲ್ಲೇ ಬುರುಜು ಕಳಿಸಿದೆ, ಹಾವು ಕಳಿಸಿದೆ. ಈಗ ನುಂಗುವ ಮಂತ್ರ ಕೇಳು!"

ಜಟ್ಟುವಿಗೆ ಆಗ ನೆನಪಾಯಿತು. ಹೋದ ವರ್ಷ ಗುಂಡು ಠಣ್ ಎಂದಿತ್ತು, ಮೇಣಕ್ಕೆ ಏನೂ ಅಂಟಿರಲಿಲ್ಲ. ಕಲ್ಲು ಕೂರಲು ಕೆಸರಿಗಿಂತ ಗಟ್ಟಿ ಬಂಡೆಯೇ ಸಿಕ್ಕಿತೆಂದು ಕುಣಿದಿದ್ದ. ಅಯ್ಯೋ, ತಪ್ಪು ತನ್ನದೇ!

"ಓಂ ಹ್ರಾಂ ಹ್ರೀಂ..." ಆಮೆ ಶುರುಮಾಡಿತು. ಜಟ್ಟುವಿನ ಕೈಗೆ ಬರುವುದು ಒಂದೇ ಕೆಲಸ. ತೊಲೆಯಿಂದ ಕಲ್ಲು ಎತ್ತಿ, ಅದರಡಿಯ ಬೆನ್ನನ್ನು ಸಲಿಕೆಯಿಂದ ಕೆರೆಯತೊಡಗಿದ.

"ಹ್ರೂಂ... ಹಾಂ... ಆಹಾ! ಸ್ವಲ್ಪ ಎಡಕ್ಕೆ. ಅಲ್ಲಲ್ಲ, ಕೆಳಗೆ. ಅಲ್ಲೇ, ಅಲ್ಲೇ ಮಾರಾಯ!"

ಮಂತ್ರ ಅರ್ಧಕ್ಕೇ ನಿಂತಿತು. ಅರ್ಧಕ್ಕೆ ನಿಂತ ಮಂತ್ರ ಹೇಳಿದವನಿಗೇ ಬಡಿಯುತ್ತದೆ. ಕುಟಿಲಾಕ್ಷನ ಮಾಯೆಯೆಲ್ಲ ಪುಸ್ಸೆಂದು ಹೊಗೆಯಾಗಿ ಹೋಯಿತು, ಆಮೆ ಮಾತ್ರ ಉಳಿಯಿತು. ಅದಕ್ಕೆ ಅದರ ಚಿಂತೆಯೂ ಇರಲಿಲ್ಲ. ವರ್ಷದ ತುರಿಕೆ ಹೋದ ಖುಷಿಗೆ ಕಣ್ಣಲ್ಲಿ ನೀರು ಬಂದಿತ್ತು.

ಸಂಜೆ ದಡದಲ್ಲಿ ಕೊಡಲಿ ಹಿಡಿದವರ ಜೊತೆ ರಾಜರು ಕಾದಿದ್ದರು. ಜಟ್ಟು ಕೈಮುಗಿದ. "ಪ್ರಭು, ಪೀಪಾಯಿ ಓಡಾಡಿದ್ದು ನನ್ನ ತಪ್ಪಿನಿಂದ. ಆಮೆಯ ಬೆನ್ನನ್ನು ಬಂಡೆ ಅಂದುಕೊಂಡೆ. ನನಗೆ ಏನು ಬೇಕಾದರೂ ಶಿಕ್ಷೆ ಕೊಡಿ, ಡುಮ್ಮಕ್ಕನನ್ನು ಬಿಟ್ಟುಬಿಡಿ."

ಎಂದೂ ಸುಮ್ಮನಿರದ ಡುಮ್ಮಿ ಅವತ್ತು ಸುಮ್ಮನಿದ್ದಳು.

ಅವಳ ಮೇಲಿಂದ ಆಮೆ ಕುತ್ತಿಗೆ ಚಾಚಿತು. "ರಾಜಾ, ಮೂರನೇ ಪೀಪಾಯಿಯ ಜಾಗದಲ್ಲಿ ಇನ್ನು ನಾನೇ ಕೂರುತ್ತೇನೆ. ಕೆಂಪು ಬಳಿಯಲಿ, ಕೊರಳಿಗೆ ಗಂಟೆ ಕಟ್ಟಲಿ, ಒಂದು ಗೇಣೂ ಅಲ್ಲಾಡೆನು. ಆದರೆ ವರ್ಷಕ್ಕೊಮ್ಮೆ ನನ್ನನ್ನು ಎತ್ತಿ ಮಲಗಿಸಿ ಬೆನ್ನು ಕೆರೆಯಬೇಕು. ನನ್ನನ್ನು ಎತ್ತುವ ಹಡಗು ಇವಳಲ್ಲದೆ ನಿನ್ನ ಹತ್ತಿರ ಯಾವುದಿದೆ?"

ರಾಜರು ತೆಳ್ಳಗೆ ಬಳುಕುವ ಯುದ್ಧದ ಹಡಗುಗಳನ್ನು ನೋಡಿದರು. ಅವೆಲ್ಲ ಬೇರೆ ಕಡೆ ಮುಖ ತಿರುಗಿಸಿದವು. ಕೊಡಲಿಯವರು ಮನೆಗೆ ಹೋದರು.

ಅಂದಿನಿಂದ ಸಿಂಪಿನಾಡಿನ ಒಂದು ಹಡಗೂ ಮರಳಿಗೆ ಹತ್ತಲಿಲ್ಲ, ರಾಜರ ಪಾಯಸ ಚೆಲ್ಲಲಿಲ್ಲ, ಎಲ್ಲರೂ ಹೊಟ್ಟೆ ತುಂಬ ಉಂಡು ಕಣ್ಣು ತುಂಬ ನಿದ್ದೆ ಮಾಡಿದರು. ವರ್ಷಕ್ಕೊಮ್ಮೆ ಆಮೆಯ ಬೆನ್ನು ಕೆರೆದು ಮುಗಿಸಿ ಜಟ್ಟು ಸಲಿಕೆ ಕೆಳಗಿಡುವಾಗ ಡುಮ್ಮಿ ಮೆಲ್ಲಗೆ ಕೇಳುತ್ತಿದ್ದಳು: "ಜಟ್ಟೂ, ನನ್ನ ತಳಕ್ಕೂ ಸ್ವಲ್ಪ ಚಿಪ್ಪು ಹತ್ತಿದೆಯಲ್ಲವಾ?"