ವಿಮಾನ ನುಂಗಿದ ಮಾತು

ದೇವನಹಳ್ಳಿ ತಾಲ್ಲೂಕಿನ ಚನ್ನರಾಯಪಟ್ಟಣ ಹೋಬಳಿಯಲ್ಲೇ ನನ್ನ ಕಣ್ಣು ತಪ್ಪಿಸಿ ಒಂದು ಇರುವೆಯೂ ನಮ್ಮ ಹೊಸ್ತಿಲು ದಾಟುವುದಿಲ್ಲ. ಇದರಲ್ಲಿ ಅರ್ಧ ಸುಳ್ಳು; ಯಾವ ಅರ್ಧವೆಂದು ನಿಮಗೇ ತಿಳಿಯುತ್ತದೆ.

ಅಂದು ಬೆಳಿಗ್ಗೆ ಚಿಕ್ಕವೆಂಕಟಪ್ಪ ನಮ್ಮ ಜಗಲಿಯಲ್ಲಿ ಕುಸಿದು ಕೂತ. ಕಂಪನಿಗೆ ಭೂಮಿ ಬಿಡುವುದಿಲ್ಲವೆಂದು ಧರಣಿ ಕೂತವರಿಗೆಲ್ಲ ಅವನೇ ಹಿರಿಯ.

"ಬೈರಕ್ಕ, ಎಲ್ರ ಮೊಬೈಲಲ್ಲೂ ನಾನೇ! 'ಭೂಮಿ ಕೊಟ್ಬಿಡ್ತೀನಿ' ಅಂತಾವ್ನಿ. ಸಂಜೆ ನಮ್ಮೋರೇ ನನ್ನನ್ನ ಧರಣಿಯಿಂದ ಎಬ್ಬಿಸ್ತಾರಂತೆ."

"ನಿಜವಾಗ್ಲೂ ಅಂದಿದ್ಯೇನೋ?"

"ಅಂದಂಗೈತೆ. ಯಾಕಂದೆ ಅಂತ ಗ್ಯಾನ ಬರ್ತಿಲ್ಲ."

ಮೊಬೈಲಲ್ಲಿ ಹರಿದಾಡುತ್ತಿದ್ದ ಆ ವಿಡಿಯೋ ತುಣುಕು, ಗಾನವಿ ಧರಣಿಯ ಮೇಲೆ ಮಾಡುತ್ತಿದ್ದ ಚಿತ್ರದ್ದು. ಅವಳು ನಮ್ಮ ಮುಂದಿನ ಕೋಣೆಯ ಬಾಡಿಗೆಯವಳು, ದೊಡ್ಡಬಳ್ಳಾಪುರದ ನೇಕಾರರ ಮಗಳು, ಜನರ ಪಾಡಿನ ಸಾಕ್ಷ್ಯಚಿತ್ರಗಳಿಗೆ ಎಡಿಟರ್. ಮಗ್ಗದ ಗದ್ದಲದಲ್ಲಿ ಬೆಳೆದ ಕಿವಿ. ಸೊಳ್ಳೆ ಸೀನಿದರೂ ಕೇಳಿಸುತ್ತದೆ. ಊರಲ್ಲಿ ಕೋಳಿ ಕಳವಾದರೂ ಅವಳನ್ನೇ ಕೇಳುತ್ತಿದ್ದರು.

"ನಾನೇ ಕತ್ತರಿಸಿ ಕಳಿಸ್ದೆ ಅಂತಾರೆ, ಅಜ್ಜಿ. ಇನ್ಯಾರು ನನ್ನ ನಂಬಿ ಬಾಯಿ ಬಿಡ್ತಾರೆ?" ಎಂದಳು ಗಾನವಿ.

ಕೂತಳು, ಎದ್ದಳು, ಅಂಗಳ ಸುತ್ತಿದಳು. ಟೀ ಆರಿ ಹೋಯಿತು. ಹೆಡ್‌ಫೋನ್ ಹಾಕಿಕೊಂಡು ತುಣುಕನ್ನು ಹತ್ತು ಸಾವಿರ ಸಲ ಕೇಳಿದಳು. ಇದ್ದಕ್ಕಿದ್ದಂತೆ ನಕ್ಕಳು.

"ಅಜ್ಜಿ, ನಾನು ದೇವನಹಳ್ಳಿಗೆ ಹೋದ ದಿನ ಯಾರ್ಯಾರು ಬಂದಿದ್ರು?"

"ಇಬ್ರೇ. ಕ್ಯಾಮೆರಾದ ಶ್ರೀಧರ ಬಂದ, ಮಜ್ಜಿಗೆ ಕುಡ್ದ, ಬೀದಿ ತಿರುವಿನ ತನಕ ನಾನೇ ಕಳಿಸ್ಬಂದೆ. ಆಮೇಲೆ ನೋಡಿದ್ರೆ ಚಿಕ್ಕವೆಂಕಟಪ್ಪನ ತಮ್ಮನ ಮಗ ದೇವೇಂದ್ರ ಜಗಲಿ ಇಳೀತಿದ್ದ. ನಾನು ರೆಪ್ಪೆ ಮಿಟುಕಿಸ್ಲಿಲ್ಲ ಕಣೇ!"

ಸಂಜೆ ಧರಣಿಯ ಶಾಮಿಯಾನದಲ್ಲಿ ಊರೆಲ್ಲ ಸೇರಿತ್ತು. ಗಾನವಿ ತುಣುಕು ಕೇಳಿಸಿದಳು.

"ಕೊನೇಲಿ ವಿಮಾನದ ಸದ್ದು ಶುರುವಾಗುತ್ತೆ. ಅಲ್ಲಿಗೇ ಕತ್ತರಿಸಿದ್ದಾರೆ. ಏರ್‌ಪೋರ್ಟ್ ಬಂದಾಗಿಂದ ತಲೆ ಮೇಲೆ ವಿಮಾನ ಬಂದ್ರೆ ನೀವೆಲ್ಲ ಮಾತು ನಿಲ್ಲಿಸ್ತೀರ, ಹೋದ್ಮೇಲೆ ಬಿಟ್ಟಲ್ಲಿಂದ ಹಿಡೀತೀರ. ಉಳಿದದ್ದು ನನ್ನ ಹತ್ರ ಇದೆ, ಕೇಳಿ."

ಸದ್ದು ಮೊರೆದು ಹೋದ ಮೇಲೆ ಚಿಕ್ಕವೆಂಕಟಪ್ಪನ ದನಿ ಬಂತು: "ನನ್ನ ಹೆಣ ಎತ್ತಿದ್ಮೇಲೆ!"

ಶಾಮಿಯಾನ ಹಾರಿಹೋಗುವಂತೆ ಜನ ನಕ್ಕರು. ಚಿಕ್ಕವೆಂಕಟಪ್ಪ ಟವಲಿನಿಂದ ಕಣ್ಣೊರೆಸಿಕೊಂಡ.

"ಹಂಗಾದ್ರೆ ಕದ್ದೋನ್ಯಾರವ್ವ?" ಎಂದ ಹಾಲಿನ ಪಿಳ್ಳಣ್ಣ.

"ನನ್ನ ಕಂಪ್ಯೂಟರ್ ಪರದೆ ಮುಂದೆ ಮೊಬೈಲ್ ಹಿಡ್ದು ತೆಗ್ದಿರೋದು ಇದು. ನಾನು ಹೆಡ್‌ಫೋನಲ್ಲೇ ಕೇಳೋಳು. ದೇವನಹಳ್ಳಿಗೆ ಹೋದ ದಿನ ಮಾತ್ರ ಅದು ನನ್ನ ಜೊತೇಲಿತ್ತು, ಕಳ್ಳ ಜೋರಾಗೇ ಹಾಕ್ಬೇಕಾಯ್ತು. ಹಂಗಾಗಿ ಕೋಣೆ ಹೊರಗಿನ ಸದ್ದೂ ಸೇರ್ಕೊಂಡಿದೆ. ಮಾತಿನ ಅಡೀಲಿ ಕೇಳಿ."

ಗೊರ್... ಗೊರ್...

ಊರೇ ನನ್ನತ್ತ ತಿರುಗಿತು. ಆ ಗೊರಕೆ ನನ್ನದೇ.

"ಶ್ರೀಧರ್ ಬಂದು ಹೋಗೋವರೆಗೂ ಅಜ್ಜಿ ಎದ್ದೇ ಇದ್ರು. ಅಲ್ಲದೆ ಚಿತ್ರ ತೆಗೆದೋನೇ ಅವನು, ಮೂಲ ಅವನ ಹತ್ರಾನೇ ಇದೆ. ಪರದೆ ಮುಂದೆ ಮೊಬೈಲ್ ಯಾಕೆ ಹಿಡೀತಾನೆ? ಇನ್ನೊಬ್ಬ ಜಗಲಿ ಇಳಿದದ್ದನ್ನ ಅಜ್ಜಿ ನೋಡಿದ್ರು, ಹತ್ತಿದ್ದನ್ನ ನೋಡ್ಲಿಲ್ಲ."

ದೇವೇಂದ್ರ ತಲೆ ತಗ್ಗಿಸಿದ. "ಕಂಪನಿಯೋರು ಕೆಲ್ಸ ಕೊಡ್ತೀವಿ ಅಂದ್ರು, ದೊಡ್ಡಪ್ಪ."

ಚಿಕ್ಕವೆಂಕಟಪ್ಪ ಎದ್ದು ನಿಂತ. "ಲೋ ದೇವೇಂದ್ರ, ಇನ್ಮೇಲೆ ನೀನು ನಮ್ಮನೆ ಹೊಸ್ತಿಲು..."

ಅಷ್ಟರಲ್ಲಿ ತಲೆಯ ಮೇಲೆ ವಿಮಾನ ಬಂತು. ಮಾತು ನಿಂತಿತು. ಹುಡುಗ ದೊಡ್ಡಪ್ಪನ ಬಾಯನ್ನೇ ನೋಡುತ್ತಿದ್ದ.

ವಿಮಾನ ಹೋಯಿತು. ಮುದುಕ ಬಿಟ್ಟಲ್ಲಿಂದಲೇ ಹಿಡಿದ. ಮಾರನೆಯ ದಿನ ಧರಣಿಯಲ್ಲಿ ಪಕ್ಕಪಕ್ಕ ಕೂತಿದ್ದ ಅವರಿಬ್ಬರಿಗೂ ಒಂದೇ ಚೊಂಬಿನಿಂದ ಮಜ್ಜಿಗೆ ಬಗ್ಗಿಸಿದವಳು ನಾನೇ. ಈಗ ನೀವೇ ಹೇಳಿ ನೋಡೋಣ, ಏನಂದ?