ಎಣಿಸುವ ಮುಂಚೆ ಹೇಳಬೇಕಾದ್ದು

ಬೀಜದ ಟ್ರೇಯ ಚೀಟಿಯ ಮೂಲೆಯಲ್ಲಿ ಪೆನ್ಸಿಲ್ಲಿನಿಂದ ಬರೆದ ಒಂದು ಅಂಕಿ. ಅವರಿಬ್ಬರ ಜಗಳ ಶುರುವಾದದ್ದು ಅದರಿಂದ.

ಬೀಜ ಪರೀಕ್ಷೆಯ ಆ ಲ್ಯಾಬಿಗೆ ಅವನು ಸಂಖ್ಯಾಶಾಸ್ತ್ರ ಓದಿಕೊಂಡು ಹೊಸದಾಗಿ ಬಂದಿದ್ದ. ಒದ್ದೆ ಕಾಗದದ ಮೇಲೆ ಬೀಜಗಳನ್ನು ಸಾಲಾಗಿ ಜೋಡಿಸಿ, ಟ್ರೇಗಳನ್ನು ಬೆಚ್ಚನೆಯ ಕೋಣೆಯಲ್ಲಿಟ್ಟು, ಕಾದು, ನೂರಕ್ಕೆ ಎಷ್ಟು ಮೊಳೆತವು ಎಂದು ಎಣಿಸುವುದು ಅಲ್ಲಿನ ಕೆಲಸ. ಎಣಿಸುವವಳು ಅವಳು. ಲ್ಯಾಬಿನವರೆಲ್ಲ ಅವಳನ್ನು ಮೊಳಕೆ ಎಂದೇ ಕರೆಯುತ್ತಿದ್ದರು. ಎಣಿಕೆ ಸರಿಯಿದೆ ಎಂದು ರುಜು ಹಾಕುವವನು ಅವನು.

"ಇದೇನಿದು, ತೊಂಬತ್ತೆರಡು? ಟ್ರೇ ಈಗ ತಾನೇ ಒಳಗೆ ಹೋಗ್ತಿದೆ."

"ನನ್ನ ನಂಬಿಕೆ," ಎಂದಳು ಅವಳು, ಕೈಯಲ್ಲಿದ್ದ ಚಿಮಟದಿಂದ ಕಣ್ಣು ತೆಗೆಯದೆ.

"ನಂಬಿಕೆ ಬರೆಯೋ ಜಾಗ ಅಲ್ಲ ಇದು. ಮೊದಲೇ ಒಂದು ಅಂದ್ಕೊಂಡ್ರೆ ಕಣ್ಣು ಅದನ್ನೇ ಹುಡುಕುತ್ತೆ."

"ಏನೂ ಅಂದ್ಕೊಳ್ಳದೇ ಇರೋರು ಯಾರಿದಾರೆ? ನಾನು ಬರೆದಿಡ್ತೀನಿ, ನೀವು ಬಚ್ಚಿಡ್ತೀರ."

ಆಗ ತಲೆಯೆತ್ತಿದಳು. ಒಂದು ಹುಬ್ಬು ಮಾತ್ರ ಮೇಲಿತ್ತು. ತುಟಿ ಇನ್ನೂ ನಗಬೇಕೋ ಬೇಡವೋ ಎಂದು ಯೋಚಿಸುತ್ತಿತ್ತು. ಅವನು ರಬ್ಬರು ತೆಗೆದುಕೊಂಡು ಆ ಅಂಕಿಯನ್ನು ಒರೆಸಿಬಿಟ್ಟ.

ಮರುದಿನ ಹೊಸ ಟ್ರೇಯ ಮೇಲೆ ಅಂಕಿ ಇನ್ನಷ್ಟು ದಪ್ಪಗೆ ಕೂತಿತ್ತು. ಅವನು ಒರೆಸಿದ. ಅವಳು ಬರೆದಳು. ಲ್ಯಾಬಿನ ಯಜಮಾನಿ, ಎಲ್ಲರ ಬಾಯಲ್ಲೂ ದೊಡ್ಡಮ್ಮ, ಕನ್ನಡಕದ ಮೇಲಿಂದ ಇಬ್ಬರನ್ನೂ ನೋಡಿದಳು.

"ಬೆಳೆಯೋ ಸಿರಿ ಮೊಳಕೆಯಲ್ಲೇ ಕಾಣುತ್ತೆ ಅಂತಾರೆ. ಇಲ್ಲಿ ರಬ್ಬರಿನ ಪುಡಿ ಬಿಟ್ರೆ ಇನ್ನೇನೂ ಕಾಣ್ತಿಲ್ವಲ್ಲೋ."

ಕೊನೆಗೆ ರಾಜಿಯಾಯಿತು. "ಬರೆಯೋದಿದ್ರೆ ಮುಂಚೆ ಬರೀರಿ," ಎಂದ ಅವನು. "ಎಣಿಕೆ ಆದ ಮೇಲೆ ಚೀಟಿ ಮುಟ್ಟೋ ಹಾಗಿಲ್ಲ. ಎಣಿಸಿದ ಮೇಲೆ ಬರೆದದ್ದು ನಂಬಿಕೆ ಆಗಲ್ಲ."

"ಅಪ್ಪಣೆ, ಸರಾಸರಿಯವರೇ," ಎಂದಳು. ಆ ಹೆಸರು ಅಂದೇ ಅವನಿಗೆ ಅಂಟಿಕೊಂಡಿತು.

ಚಿಕ್ಕಂದಿನಲ್ಲಿ ಅವನ ಅಮ್ಮ ಸಂಜೆ ಹೊತ್ತು ಪದ್ಯ ಹೇಳುತ್ತಿದ್ದಳು. ಅರ್ಥ ತಿಳಿಯುವ ಮುಂಚೆಯೇ ಅದರ ಲಯ ಅವನ ಮೈಯಲ್ಲಿ ಇಳಿದಿರುತ್ತಿತ್ತು. ಇದೂ ಹಾಗೇ ಆಯಿತು. ಇದು ಏನೆಂದು ತಿಳಿಯುವ ಮುಂಚೆಯೇ ಬೆಚ್ಚನೆಯ ಕೋಣೆಯ ಬಾಗಿಲು ಕಿರ್ರೆಂದಾಗಲೆಲ್ಲ ಅವನ ಪೆನ್ನು ನಿಲ್ಲತೊಡಗಿತ್ತು.

ಮಧ್ಯಾಹ್ನ ಇಬ್ಬರೂ ಒಂದೇ ಮೇಜಿಗೆ ಡಬ್ಬಿ ತರುತ್ತಿದ್ದರು. ಒಂದು ದಿನ ಅವಳು ಅಂಗೈಯಲ್ಲಿ ಒಂದು ಬೀಜವನ್ನಿಟ್ಟುಕೊಂಡು ಅವನ ಮುಂದೆ ಚಾಚಿದಳು.

"ಇದು ಮೊಳೆಯುತ್ತಾ?"

"ಇದು ಬಂದ ಚೀಲದಲ್ಲಿ ನೂರಕ್ಕೆ ತೊಂಬತ್ತು ಮೊಳೆಯುತ್ತವೆ."

"ಚೀಲ ಯಾರು ಕೇಳಿದ್ರು? ಇದು."

"ಇದರ ಬಗ್ಗೆ ಹೇಳೋಕೆ ಬರಲ್ಲ. ಒಂದು ಅಗುಳು ಹಿಸುಕಿ ಮಡಕೆಯ ಬಗ್ಗೆ ಹೇಳಬಹುದು. ಮಡಕೆ ನೋಡಿ ಯಾವುದೋ ಒಂದು ಅಗುಳಿನ ಬಗ್ಗೆ ಆಣೆ ಮಾಡೋಕಾಗಲ್ಲ. ಇದು ಮೊಳೆಯುತ್ತೆ, ಇಲ್ಲಾ ಮೊಳೆಯಲ್ಲ."

"ನನ್ನ ಕೇಳಿದ್ರೆ ತೊಂಬತ್ತೈದು," ಎಂದು ಮುಷ್ಟಿ ಮುಚ್ಚಿದಳು. "ಇದರ ಮೈ ನೋಡಿದೀನಿ, ಭಾರ ನೋಡಿದೀನಿ. ನನಗೆ ಗೊತ್ತಿರೋದು ಇಷ್ಟು, ಅದಕ್ಕೆ ನನ್ನ ಧೈರ್ಯ ಇಷ್ಟು. ನಾನು ಹೇಳ್ತಿರೋದು ಬೀಜದ ಸಂಖ್ಯೆ ಅಲ್ಲ, ನನ್ನ ಸಂಖ್ಯೆ."

ಅದನ್ನು ಟ್ರೇಯ ಅಂಚಿನಲ್ಲಿ ಬೇರೆಯಾಗಿಟ್ಟಳು. ಅದು ಮೊಳೆಯಲಿಲ್ಲ. ಕೊನೆಯ ಎಣಿಕೆಯ ದಿನ ಕಾಗದದ ಮೇಲೆ ಹಾಗೇ ಕೂತಿತ್ತು. ಅವನು ಗೆದ್ದವನ ಹಾಗೆ "ಸತ್ತಿದೆ" ಎಂದ. ಅವಳು ಚಿಮಟದಿಂದ ಮೆಲ್ಲಗೆ ಒತ್ತಿ ನೋಡಿದಳು.

"ಸತ್ತದ್ದಾಗಿದ್ರೆ ಮೆತ್ತಗಾಗಿರೋದು. ಇದು ಗಟ್ಟಿ ಬೀಜ. ಒಳಗೆ ಜೀವ ಇದೆ, ನೀರನ್ನ ಬಿಟ್ಕೊಂಡಿಲ್ಲ ಅಷ್ಟೆ. ಇವಕ್ಕೆ ಬೇರೆ ಕಾಲಂ." ಕಣ್ಣಂಚಿನಿಂದ ಅವನನ್ನೇ ನೋಡಿದಳು. "ಕೆಲವರು ಹೀಗೇ ಇರ್ತಾರೆ."

ಅವನ ಕಿವಿ ಕೆಂಪಾಯಿತು. ಆ ದಿನ ಲ್ಯಾಬಿನ ಹಿಂದಿನ ಮೆಟ್ಟಿಲ ಮೇಲೆ ಕೂತು, ಯಾರಿಗೂ ಹೇಳದ ಮಾತನ್ನು ಅವಳಿಗೆ ಹೇಳಿದ.

"ಅಪ್ಪನಿಗೆ ಆಪರೇಷನ್ ಆಗ್ಬೇಕಿತ್ತು. ನೂರಕ್ಕೆ ತೊಂಬತ್ತೈದು ಜನ ಎದ್ದು ಓಡಾಡ್ತಾರೆ ಅಂದ್ರು ಡಾಕ್ಟರು. ಸುಳ್ಳೇನೂ ಅಲ್ಲ. ಆದ್ರೆ ಅಮ್ಮ ಅದು ಅಪ್ಪನ ಬಗ್ಗೆ ಹೇಳಿದ ಮಾತು ಅಂದ್ಕೊಂಡ್ರು. ಮನೆಗೆ ಬರುವಾಗ ಹಾಕ್ಕೊಳ್ಳಲಿ ಅಂತ ಹೊಸ ಚಪ್ಪಲಿ ತಂದ್ರು." ಮೆಟ್ಟಿಲ ಮೇಲಿದ್ದ ಒಣ ಎಲೆಯೊಂದನ್ನು ಪಕ್ಕಕ್ಕೆ ತಳ್ಳಿದ. "ಚಪ್ಪಲಿ ಈಗಲೂ ಹೊಸದಾಗೇ ಇದೆ."

ಅವಳು ಅವನ ಕೈ ಹಿಡಿಯಲಿಲ್ಲ. ತನ್ನ ಕೈಯನ್ನು ಅವನ ಕೈಯ ಪಕ್ಕದಲ್ಲೇ, ಕಲ್ಲಿನ ಮೇಲೆ ಇಟ್ಟಳು. ಒಂದು ಬೆರಳಗಲ ದೂರ.

"ಚಪ್ಪಲಿ ತಂದದ್ದು ತಪ್ಪು ಅಂತೀರಾ?" ಎಂದಳು.

ಆ ಬೆರಳಗಲದ ದೂರವನ್ನು ದಾಟುವ ಧೈರ್ಯ ಅವನಿಗೆ ಬರಲಿಲ್ಲ.

ಚಳಿಗಾಲ ಮುಗಿಯುತ್ತ ಬಂದಿತ್ತು. ಒಂದು ಬೆಳಿಗ್ಗೆ ಅವಳು ಟ್ರೇಯನ್ನು ಮುಂದಿಟ್ಟುಕೊಂಡು, ಬೀಜ ಜೋಡಿಸದೆ, ಸುಮ್ಮನೆ ಕೂತಿದ್ದಳು. ಅವನು ಎದುರಿನ ಸ್ಟೂಲಿನಲ್ಲಿ ಕೂತ.

"ಚಿಕ್ಕಮ್ಮ ಒಬ್ಬರನ್ನ ನೋಡಿದಾರೆ," ಎಂದಳು. ಅಪ್ಪ ಅಮ್ಮನಿಲ್ಲದ ಅವಳನ್ನು ಸಾಕಿದವಳು ಆ ಚಿಕ್ಕಮ್ಮ. "ಸ್ಕೂಲ್ ಮೇಷ್ಟ್ರು. ಒಳ್ಳೆಯವರೇ. ಭಾನುವಾರ ನಾನು ಉತ್ತರ ಹೇಳ್ಬೇಕು."

ಅವನು ನೇರವಾಗಿಯೇ ಇದ್ದ ಟ್ರೇಯನ್ನು ಮತ್ತೆ ನೇರ ಮಾಡಿದ.

"ಒಂದೇ ಒಂದು ಕೇಳ್ತೀನಿ. ನಾವಿಬ್ರೂ ಜೊತೆಗಿದ್ರೆ ಚೆನ್ನಾಗಿರ್ತೀವಿ ಅಂತ ನಿಮಗೆ ಎಷ್ಟು ನಂಬಿಕೆ? ನೂರಕ್ಕೆ ಎಷ್ಟು?" ನಗಲು ನೋಡಿದಳು. "ಐವತ್ತೊಂದು ಅಂದ್ರೂ ಸಾಕು. ಚಿಕ್ಕಮ್ಮನ್ನ ನಾನು ನೋಡ್ಕೋತೀನಿ."

ಅವನ ಎದೆಯೊಳಗೆ ಅಂಕಿಯೊಂದು ಎದ್ದು ನಿಂತಿತ್ತು. ನಾಲಿಗೆಯ ತುದಿಗೆ ಬಂದಿತ್ತು. ಅಷ್ಟರಲ್ಲಿ ಆಸ್ಪತ್ರೆಯ ಉದ್ದನೆಯ ಕಾರಿಡಾರು ಕಣ್ಣ ಮುಂದೆ ಬಂತು, ಅಮ್ಮನ ಕೈಯಲ್ಲಿದ್ದ ಕಾಗದದ ಪೊಟ್ಟಣವೂ ಬಂತು.

"ಇದು ಒಂದೇ ಸಲ ನಡೆಯೋದು," ಎಂದ. "ಒಂದೇ ಸಲ ನಡೆಯೋದಕ್ಕೆ ಸಂಖ್ಯೆ ಹೇಳಿದ್ರೆ ಅದಕ್ಕೆ ಅರ್ಥ ಇಲ್ಲ. ಹೇಳಿ ಆಮೇಲೆ ಸುಳ್ಳಾದ್ರೆ? ನಿಮಗೆ ಸುಳ್ಳು ಹೇಳೋಕೆ ನನ್ನಿಂದ ಆಗಲ್ಲ."

"ನಾನು ಕೇಳಿದ್ದು ಏನಾಗುತ್ತೆ ಅಂತ ಅಲ್ಲ," ಎಂದಳು ತುಂಬ ಮೆತ್ತಗೆ. "ನಿಮ್ಮ ಒಳಗೆ ಏನಿದೆ ಅಂತ."

ಅವನು ಬಾಯಿಗೆ ಬೀಗ ಹಾಕಿಕೊಂಡು ಕೂತ. ಅದನ್ನೇ ಪ್ರಾಮಾಣಿಕತೆ ಎಂದುಕೊಂಡಿದ್ದ. ಅವಳು ಪೆನ್ಸಿಲ್ ಎತ್ತಿಕೊಂಡು, ಚೀಟಿಯ ಮೂಲೆಯವರೆಗೆ ತಂದು, ಏನೂ ಬರೆಯದೆ ಕೆಳಗಿಟ್ಟಳು. ಆ ಟ್ರೇಯೊಂದೇ ನಂಬಿಕೆಯಿಲ್ಲದೆ ಬೆಚ್ಚನೆಯ ಕೋಣೆಗೆ ಹೋಯಿತು.

ಭಾನುವಾರ ಸಂಜೆ ಅವನು ಊಟ ಮುಟ್ಟದಿರುವುದನ್ನು ಕಂಡು ಏನಾಯಿತೆಂದು ಅಮ್ಮ ಕೇಳಿದಳು. ಅವನು ಎಲ್ಲವನ್ನೂ ಹೇಳಿದ. ಚಪ್ಪಲಿಯ ವಿಷಯವನ್ನೂ ಹೇಳಿದ.

ಅಮ್ಮ ಕೈಯಲ್ಲಿದ್ದ ಸೌಟನ್ನು ಕೆಳಗಿಟ್ಟಳು.

"ಅಯ್ಯೋ ಮಗನೇ, ನಾನು ಮೋಸ ಹೋದೆ ಅಂದ್ಕೊಂಡಿದೀಯಾ ಇಷ್ಟು ವರ್ಷ? ನೂರರಲ್ಲಿ ಐದು ಅಂದ್ರೆ ಏನೂಂತ ನನಗೆ ಗೊತ್ತಿರ್ಲಿಲ್ವಾ? ಆಪರೇಷನ್ ಹಿಂದಿನ ದಿನ ನಿಮ್ಮಪ್ಪ ಆ ಚಪ್ಪಲೀನ ಮಂಚದ ಮೇಲೆ ಕೂತೇ ಹಾಕ್ಕೊಂಡು, ಒಂದು ಸೈಜ್ ದೊಡ್ಡದು ತಂದಿದೀಯಲ್ಲೇ, ನಾನೇನು ಇನ್ನೂ ಬೆಳೀತೀನಾ ಅಂತ ನಕ್ಕರು ಕಣೋ. ಆ ನಗು ನನಗೆ ಉಳಿದಿದೆ. ತರದೇ ಇದ್ದಿದ್ರೆ ಏನು ಉಳೀತಿತ್ತು?" ಸೆರಗಿನಿಂದ ಕಣ್ಣೊರೆಸಿಕೊಂಡಳು. "ಸಾವಿರ ಸಲ ಬದುಕಿ ನೋಡಿ ಲೆಕ್ಕ ಹಾಕೋದು ದೇವರ ಕೈಲಾಗುತ್ತೆ. ನಮಗೆ ಕೊಟ್ಟಿರೋದು ಒಂದು."

ಸೋಮವಾರ ಅವನು ಲ್ಯಾಬಿನ ಬಾಗಿಲು ತೆಗೆಯುವ ಮುಂಚೆಯೇ ಬಂದು ಮೆಟ್ಟಿಲ ಬಳಿ ನಿಂತಿದ್ದ. ಅವಳು ಬಂದಳು. ಅವಳ ನಡಿಗೆಯಲ್ಲೇ ಉತ್ತರವಿತ್ತು. ಆದರೂ ಅವನು ಹೇಳಿದ.

"ಮೊಳಕೆ." ಆ ಹೆಸರನ್ನು ಅವನು ಬಾಯಿ ಬಿಟ್ಟು ಕರೆದದ್ದು ಅದೇ ಮೊದಲು. "ತೊಂಬತ್ತೊಂಬತ್ತು. ಮೊನ್ನೆಯೂ ಅಷ್ಟೇ ಇತ್ತು. ಮೊದಲ ದಿನ ಒರೆಸಿದಾಗಲೂ ಅಷ್ಟೇ ಇತ್ತೋ ಏನೋ."

ಅವಳು ಚೀಲವನ್ನು ಒಂದು ಹೆಗಲಿನಿಂದ ಇನ್ನೊಂದಕ್ಕೆ ಬದಲಿಸಿದಳು. ಕಣ್ಣು ತುಂಬಿತ್ತು, ತುಳುಕಲಿಲ್ಲ.

"ನಿನ್ನೆ ಹೂಂ ಅಂದುಬಿಟ್ಟೆ," ಎಂದಳು. "ಮೇಷ್ಟ್ರಿಗೂ ಇದೇ ಪ್ರಶ್ನೆ ಕೇಳಿದೆ. ತಲೆ ಕೆರ್ಕೊಂಡು, ಅರವತ್ತು ಅಂತ ಇಟ್ಕೊಳ್ಳಿ, ಉಳಿದದ್ದನ್ನ ದುಡಿದು ಸೇರಿಸೋಣ ಅಂದ್ರು."

"ನನ್ನದು..."

"ಊರು ಕೊಳ್ಳೆ ಹೋದ ಮೇಲೆ ಕೋಟೆ ಬಾಗಿಲು ಹಾಕ್ತಿದೀರ." ಅವಳ ದನಿಯಲ್ಲಿ ಕೋಪವಿರಲಿಲ್ಲ. "ಎಣಿಕೆ ಆದ ಮೇಲೆ ಚೀಟಿ ಮುಟ್ಟೋ ಹಾಗಿಲ್ಲ. ನಿಮ್ಮದೇ ನಿಯಮ, ಸರಾಸರಿಯವರೇ."

ಅವನು ತಲೆ ತಗ್ಗಿಸಿದ. ಅವಳು ಎರಡು ಮೆಟ್ಟಿಲು ಹತ್ತಿ, ತಿರುಗಿ ನಿಂತಳು.

"ನಿಮ್ಮನ್ನ ನೀವು ಸತ್ತದ್ದರ ಸಾಲಿಗೆ ಸೇರಿಸ್ಕೋಬೇಡಿ," ಎಂದಳು. "ಬೇರೆ ಕಾಲಂ ಇದೆ."

ತಿಂಗಳು ಕಳೆಯುವುದರೊಳಗೆ ಅವಳು ಕೆಲಸ ಬಿಟ್ಟು ಹೋದಳು. ಅವಳ ಸ್ಟೂಲಿನಲ್ಲಿ ಕೂರಲು ಯಾರೂ ಬಂದಿರಲಿಲ್ಲ. ಬೀಜ ಜೋಡಿಸುವ ಕೆಲಸ ಅವನಿಗೇ ಬಿತ್ತು. ಚಿಮಟ ಹಿಡಿಯಲು ಬಾರದ ಕೈ. ಸಾಲು ಸೊಟ್ಟಗಾಯಿತು. ಒಂದೊಂದೇ ಬೀಜವನ್ನೂ ಬೆಳಕಿಗೆ ಹಿಡಿದು, ಮೈ ನೋಡಿ, ಭಾರ ನೋಡಿ ಇಟ್ಟ. ಪ್ರತಿಯೊಂದೂ ಒಂದೇ ಒಂದಾಗಿತ್ತು.

ಟ್ರೇ ತುಂಬಿದ ಮೇಲೆ ಅವಳು ಬಿಟ್ಟುಹೋದ ಪೆನ್ಸಿಲ್ ಎತ್ತಿಕೊಂಡ. ಚೀಟಿಯ ಮೂಲೆಯಲ್ಲಿ ಒಂದು ಅಂಕಿ ಬರೆದ.

ಆಚೆ ಮೇಜಿನಿಂದ ದೊಡ್ಡಮ್ಮ ಅದನ್ನು ನೋಡಿದಳು. ಎದ್ದು ಬಂದು, ಅವನ ಮುಂದಿದ್ದ ರಬ್ಬರನ್ನು ತೆಗೆದುಕೊಂಡು ಹೋದಳು.