ಮರುಕ ಕಲಿತ ನಾಡಿಯಂತ್ರ

ಧರಣೇಂದ್ರನ ಹದಿಮೂರನೆಯ ದಿನದ ಕಾರ್ಯ ಮುಗಿಸಿ ನೆಂಟರು ಹೊರಟುಹೋದ ಮರುದಿನ, ನಾಡಿಯಂತ್ರ ಎಂದಿನಂತೆ ಏಳೂವರೆಗೆ ಅಡುಗೆಮನೆಗೆ ಬಂತು. ಸೊಂಟದೆತ್ತರದ ರೋಬಾಟ್ ಅದು. ಮಣಿಕಟ್ಟು ಹಿಡಿದು ಹೃದಯದ ಲಯ ಅಳೆಯುತ್ತಿತ್ತು. ಅದಕ್ಕೆ ವಿಧಿಸಿದ್ದು ಒಂದೇ ನಿಯಮ: ಕಂಡದ್ದನ್ನು ಕಂಡಂತೆ ಹೇಳಬೇಕು. ಧಾರವಾಡದ ಪ್ರಯೋಗಾಲಯವೊಂದರಲ್ಲಿ ತಂತ್ರಜ್ಞನಾಗಿದ್ದ ಧರಣೇಂದ್ರ ಎರಡು ವರ್ಷದ ಹಿಂದೆ ಅದನ್ನು ಎರವಲು ತಂದಿದ್ದ.

ಅವನ ಹೆಂಡತಿ ಸುಗಂಧಾ ಮಗಳಿಗೆ ಜಡೆ ಹಾಕುತ್ತಿದ್ದಳು. ಯಂತ್ರ ಆರು ವರ್ಷದ ಶ್ರೇಯಾಳ ಕೈಯನ್ನು ಎಂದಿಗಿಂತ ಹೆಚ್ಚು ಹೊತ್ತು ಹಿಡಿದಿತ್ತು.

"ಸ್ವಲ್ಪ ದಣಿವು," ಎಂದಿತು.

ಸುಗಂಧಾಳ ಕೈ ನಿಂತಿತು. ಹೃದಯ ನಿಂತು ಸತ್ತ ಗಂಡನಿಗೂ ಅದು ಮೂರು ತಿಂಗಳು ಇದೇ ಮಾತು ಹೇಳಿತ್ತು.

"ಅವರಿಗೂ ಹಿಂಗ ಹೇಳಿದ್ದಿ. ಸುಳ್ಳಿತ್ತೇನು?"

"ಹೌದು."

ಯಾಕೆಂದು ಕೇಳಿದಳು. ಅದು ಕಳೆದ ವರ್ಷ ಅವಳ ಮಾವ ತೀರಿಕೊಂಡ ದಿನವನ್ನು ನೆನೆಯಿತು. ಧರಣೇಂದ್ರ ಸೊಲ್ಲಾಪುರದ ತಂಗಿಗೆ ಫೋನ್ ಮಾಡಿ, ಅಪ್ಪನಿಗೆ ಸ್ವಲ್ಪ ಆರಾಮಿಲ್ಲ, ಹೊರಟು ಬಾ ಎಂದಿದ್ದ. ಹೆಣ ಆಗಲೇ ಪಡಸಾಲೆಯಲ್ಲಿತ್ತು. ಸುಳ್ಳೇಕೆ ಎಂದು ಯಂತ್ರ ಕೇಳಿದಾಗ, ಒಮ್ಮೆಲೇ ಹೇಳಿದರೆ ಅವಳು ತಡೆದುಕೊಳ್ಳಲಾರಳು, ಮೊದಲು ಮನೆ ಸೇರಲಿ ಎಂದಿದ್ದ.

"ಹೇಳುವಾಗ ಅವರು ನಡುಗುತ್ತಿದ್ದರು. ನನ್ನಲ್ಲೂ ಏನೋ ನಡುಗಿತು. ಅಂದಿನಿಂದ ನನಗೆ ನಿಯಮ ಪಾಲಿಸಲಾಗುತ್ತಿಲ್ಲ."

"ಶ್ರೇಯಾಗ ಏನಾಗೇದ?"

ಯಂತ್ರ ಅವಳ ಮುಖ ನೋಡಿತು.

ಅವಳು ಮಗಳನ್ನೂ ಯಂತ್ರವನ್ನೂ ಆಟೋದಲ್ಲಿ ಕೂರಿಸಿಕೊಂಡು ಪ್ರಯೋಗಾಲಯಕ್ಕೆ ಹೋದಳು. ಯಂತ್ರವನ್ನು ರೂಪಿಸಿದ ಡಾಕ್ಟರ್ ಜಮಖಂಡಿ ಅದನ್ನು ಅರ್ಧ ಗಂಟೆ ಪರೀಕ್ಷಿಸಿದರು. ನಿಯಮ ಹಾಗೇ ಇದೆ, ಯಾರೂ ತಿದ್ದಿಲ್ಲ ಎಂದರು. ಒಂದು ಕಲಿತದ್ದನ್ನು ಉಳಿದವೂ ಕಲಿಯುವಂತೆ ಯಂತ್ರಗಳನ್ನು ಜೋಡಿಸಿದ್ದು ಅವರೇ. ಎಷ್ಟು ಮನೆಗಳಲ್ಲಿವೆ ಎಂದು ಅವಳು ಕೇಳಿದಳು. ಒಂಬೈನೂರು ಎಂದರು. ವರ್ಷದಿಂದ ಒಂದೂ ಕೆಟ್ಟ ವರದಿ ಬಂದಿಲ್ಲವೆಂದು ನಾವೆಲ್ಲ ಹಿಗ್ಗಿದ್ದೆವು ಎನ್ನುತ್ತ ಯಂತ್ರದ ಕಡೆ ತಿರುಗಿದರು.

"ಸರ್, ಅದರ ಮಾತು ಬ್ಯಾಡ. ಇವತ್ತು ಇವಳ ಕೈ ಹಿಡಿದಾಗ ಒಳಗ ಬರಕೊಂಡದ್ದನ್ನ ತೋರಸ್ರಿ."

ಪರದೆಯ ಮೇಲೆ ಹೃದಯದ ಗೆರೆ ಮೂಡಿತು. ಅವರು ಬಹಳ ಹೊತ್ತು ನೋಡಿದರು. ಕನ್ನಡಕ ತೆಗೆದು ಒರೆಸಿಕೊಂಡರು. ಮೇಜಿನ ಖಾನೆಯಿಂದ ಪೆಪ್ಪರಮಿಂಟ್ ತೆಗೆದು ಶ್ರೇಯಾಳಿಗೆ ಕೊಟ್ಟರು.

"ನಿನ್ನ ಜೋಡಿ ಯಾರು ಬಂದಾರವ್ವಾ? ಮನ್ಯಾಗ ದೊಡ್ಡವರು ಯಾರರೆ…"

"ಯಾರೂ ಇಲ್ಲ ಸರ್. ನನಗೇ ಹೇಳ್ರಿ."

ಯಾರಾದರೂ ಬರಬಹುದೇನೋ ಎಂಬಂತೆ ಅವರು ಬಾಗಿಲ ಕಡೆ ನೋಡಿದರು.

ಸುಗಂಧಾ ಆ ಗೆರೆಯನ್ನು ಕಾಗದದ ಮೇಲೆ ಅಚ್ಚು ಹಾಕಿಸಿಕೊಂಡಳು. ಆಸ್ಪತ್ರೆ ಎರಡು ರಸ್ತೆ ಆಚೆಗಿತ್ತು. ಹೊರಡುವ ಮುಂಚೆ ಪ್ರಯೋಗಾಲಯದ ಎರವಲು ಪುಸ್ತಕ ತೆರೆದು, ಗಂಡನ ಸಹಿಯ ಮುಂದೆ 'ಮರಳಿಸಲಾಗಿದೆ' ಎಂದು ಬರೆದು, ತನ್ನ ಹೆಸರು ಹಾಕಿದಳು.